ವಾಯಿದೆ ಮೀರಿದ ಅಪೀಲು, ಮೊಳಕೆ ಬಂದ ಕಾಯಿ

ಆ ಕಾಲದಲ್ಲಿ ನಮ್ಮ ಕಡೆಯ ಕಕ್ಷಿಗಾರರಿಗೆಲ್ಲ ಬರುತ್ತಿದ್ದ ರೋಗ ಒಂದೇ, ಕಾಮಾಲೆ. ಕೆಳಗಿನ ಕೋರ್ಟಿನಲ್ಲಿ ಸೋತವರು ಮೂವತ್ತು ದಿನದೊಳಗೆ ಮೇಲಿನ ಕೋರ್ಟಿಗೆ ಅಪೀಲು ಹಾಕಬೇಕು. ವಾಯಿದೆ ಮೀರಿದರೆ, ತಡವಾದದ್ದಕ್ಕೆ ತಕ್ಕ ಕಾರಣವಿತ್ತು ಎಂದು ಅಫಿಡವಿಟ್ಟು ಕೊಟ್ಟು ಮನ್ನಾ ಕೇಳಬೇಕು. ಆ ಕಾರಣ ಹತ್ತರಲ್ಲಿ ಒಂಬತ್ತು ಸಲ ಕಾಮಾಲೆಯೇ. ಬೇರೆ ರೋಗ ಹೇಳಿದರೆ ಆಸ್ಪತ್ರೆಯ ಚೀಟಿ ಎಲ್ಲಿ ಎನ್ನುತ್ತಾರೆ. ಕಾಮಾಲೆಗೆ ಹಾಗಲ್ಲ, ನಾಟಿ ಔಷಧಿ ಕುಡಿದೆ, ಪಥ್ಯದಲ್ಲಿದ್ದೆ, ಮನೆ ಬಿಟ್ಟು ಏಳಲಿಲ್ಲ ಎಂದರೆ ಮುಗಿಯಿತು. ಅದು ಸುಳ್ಳೆಂದು ಬರೆದ ವಕೀಲನಿಗೆ ಗೊತ್ತು, ಎದುರು ವಕೀಲನಿಗೆ ಗೊತ್ತು, ಪೀಠದ ಮೇಲೆ ಕೂತವರಿಗೂ ಗೊತ್ತಿತ್ತು. ಆದರೂ ತಡ ಮನ್ನಾ ಆಗುತ್ತಿತ್ತು. ನಿಜ ಹೇಳಿದವರ ಪಾಡು ಏನಾಗುತ್ತದೆ ಎಂಬುದನ್ನು ನಾನು ಒಂದೇ ಒಂದು ಅಪೀಲಿನಲ್ಲಿ ಪೂರ್ತಿಯಾಗಿ ನೋಡಿದೆ. ಆಗ ಬಂದ ಸಿಟ್ಟು ಈಗಲೂ ಪೂರ್ತಿ ಇಳಿದಿಲ್ಲ.

ನಾನು ತಿಪಟೂರಿನಲ್ಲಿ ವಕೀಲಿ ಮಾಡುತ್ತಿದ್ದೆ. ಎಂಬತ್ತರ ದಶಕದ ಮೊದಲ ವರ್ಷಗಳು. ಸಂಕ್ರಾಂತಿ ಕಳೆದ ವಾರ ದಬ್ಬೇಘಟ್ಟದ ಕಡೆಯ ಒಂದು ಹಳ್ಳಿಯಿಂದ ಒಬ್ಬ ಹೆಂಗಸು ಬಂದಳು. ಐವತ್ತರ ಹತ್ತಿರದ ವಯಸ್ಸು, ಹಣೆ ತುಂಬ ವಿಭೂತಿ. ಜೊತೆಯಲ್ಲಿ ಗಂಡ, ಊರಿನಲ್ಲಿ ಬಟ್ಟೆ ಹೊಲಿಯುವವನು, ಮಾತು ಕಡಿಮೆ. ಆಕೆಯ ಅಪ್ಪ ಸಾಯುವ ಮುಂಚೆ ಅರಿಶಿನ ಕುಂಕುಮಕ್ಕೆ ಎಂದು ಮಗಳಿಗೆ ಒಂದು ತುಂಡು ತೆಂಗಿನ ತೋಟ ಬಾಯಿಮಾತಿನಲ್ಲಿ ಕೊಟ್ಟಿದ್ದ. ನಮ್ಮಲ್ಲಿ ಅದು ಹಾಗೇ ನಡೆಯುತ್ತದೆ; ಮಗಳಿಗೆ ಕೊಟ್ಟದ್ದಕ್ಕೆ ಯಾರೂ ರಿಜಿಸ್ಟರು ಕೇಳುವುದಿಲ್ಲ. ಇಪ್ಪತ್ತು ವರ್ಷಕ್ಕೂ ಮೇಲೆ ಆ ತೋಟವನ್ನು ಆಕೆಯೇ ಮಾಡಿಕೊಂಡು ಬಂದಿದ್ದಳು. ಅಪ್ಪ ಹೋದ ಮೇಲೆ ಕೊಬ್ಬರಿ ವ್ಯಾಪಾರದಲ್ಲಿ ದೊಡ್ಡವನಾದ ಅಣ್ಣ, ಪತ್ರವೆಲ್ಲಿ ಎಂದು ದಾವೆ ಹಾಕಿದ. ಪತ್ರವಿರಲಿಲ್ಲ. ಡಿಕ್ರಿ ಅವನ ಕಡೆಗಾಯಿತು.

ಕೆಳಗಿನ ಕೋರ್ಟಿನ ಅವರ ವಕೀಲರು ಬರೆದುಕೊಟ್ಟಿದ್ದ ತೀರ್ಪಿನ ಪ್ರತಿ ಓದಿದೆ. ಅಷ್ಟು ವರ್ಷ ತೋಟ ಆಕೆಯ ಕೈಯಲ್ಲೇ ಇದ್ದದ್ದರ ಬಗ್ಗೆ ಅದರಲ್ಲಿ ಒಂದು ಸಾಲೂ ಇರಲಿಲ್ಲ. ಅಪೀಲಿನಲ್ಲಿ ನಿಲ್ಲುವ ತೀರ್ಪು ಅದಲ್ಲ. ಆದರೆ ತಾರೀಖು ನೋಡಿ ನನ್ನ ತಲೆ ಬಿಸಿಯಾಯಿತು. ಆಷಾಢದಲ್ಲಿ ಆದ ಡಿಕ್ರಿಗೆ ಪುಷ್ಯದಲ್ಲಿ ಬಂದಿದ್ದಾರೆ. ತೀರ್ಪಿನ ಕೋರ್ಟು ಮೊಹರಿನ ನಕಲು ಸಿಗಲು ಹಿಡಿದ ದಿನಗಳನ್ನು ವಾಯಿದೆಯಿಂದ ಕಳೆಯಬಹುದು. ಇವರು ನಕಲಿಗೆ ಅರ್ಜಿಯನ್ನೇ ಹಾಕಿರಲಿಲ್ಲ.

"ಇಷ್ಟು ದಿನ ಏನಮ್ಮ ಮಾಡ್ತಿದ್ರಿ? ತೋಟ ಹೋದ್ರೂ ನಿದ್ದೆನಾ?" ಎಂದು ರೇಗಿದೆ.

"ಆಣೇಲಿದ್ದೆ ಸ್ವಾಮಿ," ಎಂದಳು.

ಡಿಕ್ರಿಯಾದ ವಾರದಲ್ಲಿ ಅಣ್ಣ ತಾನಾಗಿ ತಂಗಿಯ ಮನೆಗೆ ಬಂದಿದ್ದ. ಜಗಲಿಯ ಮೇಲೆ ಕೂತು ಕಣ್ಣೀರು ಹಾಕಿದನಂತೆ. "ಒಂದೇ ಹೊಟ್ಟೇಲಿ ಹುಟ್ದೋರು, ಊರೋರು ನಗ್ತಾವ್ರೆ ಕಣವ್ವ. ನೀನು ಅಪೀಲು ಅಂತ ಹೋಗ್ಬೇಡ, ನಾನು ಡಿಕ್ರಿ ಅಂತ ತೋಟಕ್ಕೆ ಬರಾಕಿಲ್ಲ. ಶಿವರಾತ್ರಿ ಕಳೀಲಿ, ಕುಂತು ಇತ್ಯರ್ಥ ಮಾಡ್ಕಳಾಣ" ಎಂದ. ಇಬ್ಬರೂ ವೀರಭದ್ರನ ಗುಡಿಗೆ ಹೋಗಿ ಬಿಲ್ವಪತ್ರೆ ಹಿಡಿದು ಆಣೆ ಇಟ್ಟುಕೊಂಡರು. ನಮ್ಮ ಹಳ್ಳಿಗಳಲ್ಲಿ ಇಂಥ ಆಣೆ ಇಬ್ಬರನ್ನೂ ಕಟ್ಟುತ್ತದೆ, ಜಗಳದ ವಸ್ತುವನ್ನೂ ಕಟ್ಟುತ್ತದೆ. ಯಾರೂ ಕೋರ್ಟಿಗೆ ಹೋಗುವಂತಿಲ್ಲ, ಯಾರೂ ಆ ತೋಟದ ಒಂದು ಕಾಯಿ ಮುಟ್ಟುವಂತಿಲ್ಲ. ಬಿಡಿಸಬೇಕಾದರೆ ಇಬ್ಬರೂ ಮತ್ತೆ ದೇವರ ಮುಂದೆ ನಿಲ್ಲಬೇಕು.

ಮಾರ್ಗಶಿರದಲ್ಲಿ ಕೋರ್ಟಿನ ಅಮೀನ ಅಣ್ಣನ ಜೊತೆ ಬಂದು ತೋಟವನ್ನು ಅವನ ಸ್ವಾಧೀನಕ್ಕೆ ಕೊಟ್ಟು ಹೋದ. ಅಷ್ಟು ಹೊತ್ತಿಗೆ ಅಪೀಲಿನ ವಾಯಿದೆ ಎಂದೋ ಮುಗಿದಿತ್ತು. ಈಕೆ ಅಣ್ಣನ ಮನೆಗೆ ಓಡಿ, "ಗುಡಿಗೆ ಬಾ ಅಣ್ಣಯ್ಯ, ಆಣೆನಾದ್ರೂ ಬಿಡಿಸ್ಕಳಾಣ" ಎಂದಳು. ಅವನು ನಡುಮನೆಯಿಂದಲೇ "ಯಾವ ಆಣೆ?" ಎಂದು ಕೇಳಿದನಂತೆ.

ಪೂಜಾರಿಯ ಹತ್ತಿರ ಹೋದರೆ, ಇಬ್ಬರೂ ಬರದೆ ಬಿಡಿಸೋಕಾಗಲ್ಲ ಎಂದ. ದಿನಾ ಹೋಗಿ ಗುಡಿಯ ಮುಂದೆ ಕೂತಳು. ಕೊನೆಗೆ ಸಂಕ್ರಾಂತಿಯ ದಿನ ಪೂಜಾರಿ ಮನಸ್ಸು ಮಾಡಿ ಆಕೆಯ ಕೈಗೆ ಹೂವು ಕೊಟ್ಟು ಆಣೆ ಬಿಡಿಸಿದ. ಮಾರನೆಯ ವಾರ ನನ್ನ ಆಫೀಸಿನಲ್ಲಿದ್ದಳು.

ನನಗೆ ಅಣ್ಣನ ಮೇಲೆ ಬಂದ ಸಿಟ್ಟನ್ನು ತಂಗಿಯ ಮೇಲೆ ತೀರಿಸಿಕೊಂಡೆ. "ಅವನೇ ಆಣೆ ಮುರಿದ ಮೇಲೆ ನಿಮಗೇನ್ರಮ್ಮ ಕಟ್ಟು? ಅವತ್ತೇ ಬಸ್ ಹತ್ತೋದಲ್ವಾ?"

"ಅವ್ನು ಮುರಿದಿದ್ದು ಅವಂದು ಸ್ವಾಮಿ. ನಂದು ನನ್ನ ಮ್ಯಾಲೇ ಇತ್ತಲ್ಲ."

ನನ್ನ ಗುಮಾಸ್ತ ಅಷ್ಟರಲ್ಲಿ ಕಾಗದ ತೆಗೆದು ತಾನೇ ದಾರಿ ತೋರಿಸಿದ. "ಈ ದೇವರು ದಿಂಡ್ರು ಎಲ್ಲ ಬುಡಿ ಸಾರ್. ಕಾಮಾಲೆ ಅಂತ ಬರೆಯಾಣ. ಕೆಳಗೆ ಒಂದು ಸೈನು ಹಾಕ್ಲಿ, ಮುಗೀತು." ಆಕೆಗೆ ಅದನ್ನು ಬಿಡಿಸಿ ಹೇಳಿದಾಗ ಎದ್ದೇ ನಿಂತಳು. "ಇಲ್ದಿರೋ ರೋಗಾನ ಬಾಯಲ್ಲಿ ಕರೆದ್ರೆ ಮನೆ ಹುಡಿಕ್ಕಂಡು ಬತ್ತದೆ. ನಾನು ಹೇಳಾಕಿಲ್ಲ. ನಡೆದಿದ್ನೇ ಬರೀರಿ." ಗಂಡನೂ ಅವತ್ತು ಮೊದಲ ಸಲ ಬಾಯಿ ಬಿಟ್ಟ. "ಅವ್ಳು ಹೇಳ್ದಂಗೇ ಬರೀರಿ ಸ್ವಾಮಿ," ಎಂದ.

ಬರೆದೆ. ಗುಡಿ, ಬಿಲ್ವಪತ್ರೆ, ಅಣ್ಣನ ಮಾತು, ಪೂಜಾರಿಯ ಹೂವು, ಎಲ್ಲವನ್ನೂ. ಬರೆಯುತ್ತಿದ್ದಾಗಲೇ ಗೊತ್ತಿತ್ತು, ಇದನ್ನು ಓದಿ ಕೋರ್ಟು ನಗುತ್ತದೆ ಎಂದು.

ನಕ್ಕಿತು. ಮೊದಲ ದಿನ ನ್ಯಾಯಾಧೀಶರು ಅಫಿಡವಿಟ್ಟು ಓದಿ, ಕನ್ನಡಕ ತೆಗೆದು, "ದೇವರ ಆಣೆ ಕಾಲಮಿತಿ ಕಾಯ್ದೆಯ ಯಾವ ಕಲಮಿನಲ್ಲಿದೆ ವಕೀಲರೇ?" ಎಂದು ಕೇಳಿದರು. ಬೆಂಚುಗಳಲ್ಲಿ ಕೂತಿದ್ದ ಕರಿ ಕೋಟುಗಳೆಲ್ಲ ಹಲ್ಲು ಕಿಸಿದವು. ಅದೇ ಕೋರ್ಟಿನಲ್ಲಿ ಅವತ್ತು ಬೆಳಿಗ್ಗೆ ತಾನೇ ಎರಡು ಕಾಮಾಲೆ ಮನ್ನಾ ಆಗಿದ್ದವು. ನ್ಯಾಯಾಧೀಶರು ಕೆಟ್ಟವರಲ್ಲ, ನಿಯಮದ ಮನುಷ್ಯರು. "ಪ್ರತಿ ದಿನದ ವಿಳಂಬಕ್ಕೂ ಲೆಕ್ಕ ಬೇಕು. ಆಣೆ ಇತ್ತು ಅಂತ ಸಾಬೀತು ಮಾಡಿ, ಆಮೇಲೆ ಅದು ಕಾರಣವೋ ಅಲ್ಲವೋ ನೋಡೋಣ," ಎಂದರು. ಎದುರು ಕಡೆಗೆ ಹಿರಿಯ ವಕೀಲರೊಬ್ಬರಿದ್ದರು, ಬೆಣ್ಣೆಯಲ್ಲಿ ಕೂದಲು ತೆಗೆದ ಹಾಗೆ ಮಾತಾಡುವವರು. ಅವರು ಹಾಕಿದ ತಕರಾರಿನಲ್ಲಿ ಇದ್ದದ್ದು ಇಷ್ಟೇ: ಆಣೆಯೂ ಇಲ್ಲ, ಗುಡಿಯೂ ಇಲ್ಲ, ಅಪೀಲುದಾರಳು ಸೋಮಾರಿತನದಿಂದ ಕಾಲ ಕಳೆದು ಈಗ ದೇವರ ಹೆಸರು ತಂದಿದ್ದಾಳೆ. ಆ ಆಣೆಯ ಉಪಾಯವನ್ನು ಅಣ್ಣನಿಗೆ ಹೇಳಿಕೊಟ್ಟವರು ಯಾರು ಎಂಬ ಅನುಮಾನ ನನಗೆ ಅವತ್ತೇ ಬಂತು. ಕೊಬ್ಬರಿ ವ್ಯಾಪಾರಿಗೆ ಅಪೀಲಿನ ವಾಯಿದೆ ಅಷ್ಟು ಚೆನ್ನಾಗಿ ಹೇಗೆ ಗೊತ್ತಾಗುತ್ತದೆ? ಸಾಬೀತು ಮಾಡಲಾರದ್ದನ್ನು ನಾನು ಯಾರ ಮೇಲೂ ಹೇರುವುದಿಲ್ಲ. ಆದರೆ ಅವರಿಗೆ ಆಮೇಲೆ ನಾನು ನಮಸ್ಕಾರ ಹಾಕಲಿಲ್ಲ.

ಸಾಕ್ಷಿ ಬೇಕು. ಒಂದು ಭಾನುವಾರ ಹಳ್ಳಿಗೆ ಹೋಗಿ ಪೂಜಾರಿಯನ್ನು ಕಂಡೆ. ಕೋರ್ಟಿಗೆ ಬಂದು ನಡೆದದ್ದನ್ನು ಹೇಳಿ ಎಂದೆ. ಅವನು ಗರ್ಭಗುಡಿಯ ಬಾಗಿಲು ಎಳೆದುಕೊಂಡು, "ದೇವ್ರ ಮುಂದೆ ಆಡಿದ ಮಾತ್ನ ಕೋರ್ಟಿಗೆ ಹೊರಬಾರ್ದು ಸ್ವಾಮಿ, ದೋಸ ಬತ್ತದೆ," ಎಂದ.

"ತಂಗಿಗೆ ಮೋಸ ಮಾಡಿದ್ರೆ ಬರದ ದೋಷ, ನಿಜ ಹೇಳಿದ್ರೆ ಬರುತ್ತಾ?"

"ನೀವು ಓದ್ದೋರು. ಬಸ್ ಹತ್ತಿ ಹೋಯ್ತೀರ. ನಾನು ಇಲ್ಲೇ ಇರ್ಬೇಕಲ್ಲ. ಗುಡೀಗೆ ಎಣ್ಣೆ ಕೊಡೋರು ಆವಮ್ಮನ ಅಣ್ಣನೇ."

ದೇವರು ವರ ಕೊಟ್ಟರೂ ಪೂಜಾರಿ ಕೊಡ ಎನ್ನುವುದನ್ನು ಕೇಳಿದ್ದೆ; ಕಣ್ಣಾರೆ ಕಂಡದ್ದು ಅವತ್ತು. ಗುಡಿಯ ಸುತ್ತಲಿನ ಮನೆಗಳವರೂ ಅಷ್ಟೇ. ಎಲ್ಲರೂ ನೋಡಿದ್ದಾರೆ, ಯಾರೂ ನೋಡಿಲ್ಲ. ನಾನು ಅಲ್ಲಿ ಕೂಗಾಡಿದ್ದು ನಿಜ. ಕೂಗಾಡಿ ಏನೂ ಆಗಲಿಲ್ಲ.

ಆ ತೋಟವನ್ನಾದರೂ ನೋಡಿಕೊಂಡು ಹೋಗೋಣ ಎಂದೆ. ತಂಗಿ ಜೊತೆಗೆ ಬಂದು, ಬೇಲಿಯ ಹೊರಗೇ ನಿಂತು ತೋರಿಸಿದಳು. "ಐದು ತಿಂಗಳು ಬಿದ್ದ ಕಾಯಿ ಬಿದ್ದಂಗೇ ಇತ್ತು ಸ್ವಾಮಿ. ಮುಂಗಾರಲ್ಲಿ ಬಿದ್ದದ್ದು ಮೊಳಕೆ ಬಂದು ಎಲೆ ಬುಟ್ಟಿತ್ತು. ದಿನಾ ಇಲ್ಲಿ ನಿಂತ್ಕಂಡು ನೋಡ್ತಿದ್ದೆ, ಕೈ ಹಾಕಂಗಿಲ್ಲ, ಹೊಟ್ಟೆ ಉರಿಯಾದು." ಆ ಮಾತಿನಲ್ಲಿ ನನಗೆ ಬೇಕಾದದ್ದು ಸಿಕ್ಕಿತು. ನಾನೂ ಹಾಲ್ಕುರಿಕೆ ಕಡೆಯ ತೋಟದ ಮನೆಯಲ್ಲಿ ಬೆಳೆದವನು. ನಮ್ಮ ಸೀಮೆಯಲ್ಲಿ ಹೆಣ ಎತ್ತುವುದು ತಡವಾದೀತು, ಬಿದ್ದ ಕಾಯಿ ಎತ್ತುವುದು ತಡವಾಗುವುದಿಲ್ಲ. ಮೊಳಕೆ ಬಂತೆಂದರೆ ಒಳಗಿನ ಕೊಬ್ಬರಿ ಹೋಯಿತು. ಡಿಕ್ರಿ ಕೈಯಲ್ಲಿದ್ದವನು, ಅದೂ ಕೊಬ್ಬರಿ ವ್ಯಾಪಾರಿ, ತನ್ನದೆಂದು ಗೆದ್ದ ತೋಟದಲ್ಲಿ ಐದು ತಿಂಗಳು ಕಾಯಿ ಮೊಳೆಯಲು ಬಿಡುತ್ತಾನೆಯೇ? ಬಿಟ್ಟನೆಂದರೆ ಅವನ ಕೈಯನ್ನು ಏನೋ ಕಟ್ಟಿತ್ತು. ಪೂಜಾರಿ ಹೇಳದ ಸಾಕ್ಷಿಯನ್ನು ಆ ಕಾಯಿಗಳು ಹೇಳುತ್ತಿದ್ದವು.

ಆದರೆ ಕಾಯಿಗಳೆಲ್ಲಿ? ತೋಟದ ನೆಲ ಗುಡಿಸಿದ ಹಾಗಿತ್ತು. ಸ್ವಾಧೀನ ಸಿಕ್ಕಿದ ದಿನವೇ ಅಣ್ಣ ಆಳು ಬಿಟ್ಟು ಆರಿಸಿಕೊಂಡು ಹೋಗಿದ್ದ. ಒಂದು ಮಟ್ಟೆ ಕೂಡ ಬಿಟ್ಟಿರಲಿಲ್ಲ. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲವಲ್ಲ ಎಂದು ಬೈದುಕೊಳ್ಳುತ್ತ ಬಸ್ಸಿನ ರಸ್ತೆ ಹಿಡಿದೆ.

ದಾರಿ ಅಣ್ಣನ ಸ್ವಂತ ತೋಟದ ಪಕ್ಕದಲ್ಲೇ ಹೋಗುತ್ತಿತ್ತು. ಪಂಪ್‌ಸೆಟ್ ಮನೆಯ ಹಿಂದೆ, ನೆರಳಿನಲ್ಲಿ, ಒಂದು ಸಸಿಮಡಿ ಕಂಡಿತು. ಸಾಲಾಗಿ ಹೂತಿಟ್ಟ ಕಾಯಿಗಳು, ಮೇಲೆ ಹಸಿರು ಮೊಳಕೆ. ಮುಂಗಾರಿಗೆ ಸಸಿಯೆಂದು ಮಾರಲು ಇಟ್ಟಿದ್ದ. ಎಲ್ಲವನ್ನೂ ಅಳಿಸಿಹಾಕಿದ ಮನುಷ್ಯನಿಗೆ ಮೊಳೆತ ಕಾಯಿಯನ್ನು ತಿಪ್ಪೆಗೆ ಎಸೆಯುವ ಮನಸ್ಸು ಮಾತ್ರ ಬಂದಿರಲಿಲ್ಲ! ನಮ್ಮ ಜನವೇ ಹಾಗೆ. ತಂಗಿಯನ್ನು ಬಿಟ್ಟಾರು, ಕಾಯಿ ಬಿಡಲಾರರು. ಬಿತ್ತನೆಗೆಂದು ಆರಿಸಿ ಒಂದೇ ದಿನ ಇಟ್ಟ ಕಾಯಿಗಳು ಸ್ವಲ್ಪ ಹಿಂದೆ ಮುಂದೆ ಒಂದೇ ಎತ್ತರಕ್ಕೆ ಬರುತ್ತವೆ. ಇಲ್ಲಿ ಒಂದು ಮೊಣಕಾಲುದ್ದ ಎಲೆ ಬಿಟ್ಟಿದ್ದರೆ, ಪಕ್ಕದ್ದು ಈಗ ತಾನೇ ಮೂತಿ ಹೊರಗೆ ಹಾಕಿತ್ತು. ತಿಂಗಳು ತಿಂಗಳು ಬಿಟ್ಟು ಬಿದ್ದ ಕಾಯಿಗಳು ಅವು.

ಸೋಮವಾರ ಒಂದು ಅರ್ಜಿ ಹಾಕಿದೆ: ಕೋರ್ಟಿನ ಪರವಾಗಿ ಒಬ್ಬ ಕಮಿಷನರು ಹೋಗಿ ಆ ಮಡಿಯನ್ನು ನೋಡಿ ವರದಿ ಕೊಡಲಿ. ವಕೀಲರ ಕೋಣೆಯಲ್ಲಿ ಅದೇ ಆ ತಿಂಗಳ ತಮಾಷೆಯಾಯಿತು. ಗಡಿ ತಕರಾರಿಗೆ ಕಮಿಷನರು ಹೋಗುವುದುಂಟು. ಅಪೀಲು ತಡವಾದದ್ದಕ್ಕೆ ತೆಂಗಿನ ಸಸಿ ನೋಡಲು ಯಾರೂ ಹೋದದ್ದಿಲ್ಲ. "ಏನಪ್ಪ, ಕಾಮಾಲೆಗೆ ಎಳನೀರು ಹುಡುಕ್ತಿದ್ದೀಯಾ?" ಎಂದು ಒಬ್ಬರು ಕೇಳಿದರು. ನಾನು ಅವರಿಗೆ ಕೊಟ್ಟ ಉತ್ತರವನ್ನು ಇಲ್ಲಿ ಬರೆಯುವಂತಿಲ್ಲ.

ನ್ಯಾಯಾಧೀಶರೂ ಹಿಂದೆ ಮುಂದೆ ನೋಡಿದರು. ನಾನೆಂದೆ: "ಪ್ರತಿ ದಿನಕ್ಕೂ ಲೆಕ್ಕ ಕೊಡಿ ಎಂದು ತಾವೇ ಹೇಳಿದಿರಿ. ಮನುಷ್ಯರು ಯಾರೂ ಬಾಯಿ ಬಿಡುತ್ತಿಲ್ಲ. ಲೆಕ್ಕ ಆ ಮಡಿಯಲ್ಲಿದೆ. ಸುಳ್ಳು ಕಾಮಾಲೆಯನ್ನು ನೋಡದೇ ನಂಬುವ ಕೋರ್ಟು, ಇರುವ ಕಾಯಿಯನ್ನು ಹೋಗಿ ನೋಡಬಾರದೇ?" ನಾಲಿಗೆ ಹದ ತಪ್ಪಿತ್ತು. ಇನ್ನೇನು ಬೈಸಿಕೊಳ್ಳುತ್ತೇನೆ ಎಂದುಕೊಂಡೆ. ಅವರು ಅರ್ಜಿಯ ಮೇಲೆ ಒಪ್ಪಿಗೆ ಬರೆದರು.

ಕಮಿಷನರಾಗಿ ಹೋದ ವಕೀಲರು ಮೊಳಕೆಗಳನ್ನು ಅಳೆದು, ಎತ್ತರ ಒಂದರಂತೆ ಒಂದಿಲ್ಲವೆಂದು ಬರೆದುಕೊಂಡರು. ಅಣ್ಣ ಅವರ ಮುಂದೆ, ಇವು ಕೊಂಡು ತಂದ ಬಿತ್ತನೆ ಕಾಯಿ, ಒಂದೇ ದಿನ ಇಟ್ಟದ್ದು ಎಂದು ಹೇಳಿ ಸಹಿ ಹಾಕಿದ. ನನಗೆ ಬೇಕಾಗಿದ್ದದ್ದೂ ಅದೇ.

ಅವನು ಕಟಕಟೆಗೆ ಬಂದ ದಿನ ಒಗೆದ ಪಂಚೆ, ಕರಿ ಕೋಟು, ಹಣೆಯ ಮೇಲೆ ಮೂರು ಬೆರಳು ವಿಭೂತಿ. ಸತ್ಯವನ್ನೇ ಹೇಳುತ್ತೇನೆ ಎಂದು ಪ್ರಮಾಣ ಮಾಡಿ, ಯಾವ ಆಣೆಯೂ ಇರಲಿಲ್ಲ ಎಂದ. ಕಣ್ಣು ಕೂಡ ಮಿಟುಕಿಸಲಿಲ್ಲ. ತಂಗಿ ಹಿಂದಿನ ಬೆಂಚಿನಲ್ಲಿ ಗಂಡನ ಪಕ್ಕ ಕೂತಿದ್ದಳು. ಪಾಟೀಸವಾಲು ನನ್ನದು. ಸಿಟ್ಟನ್ನು ನುಂಗಿಕೊಂಡು ಮೆತ್ತಗೆ ಶುರು ಮಾಡಿದೆ.

"ಒಂದೇ ದಿನ ಇಟ್ಟ ಬಿತ್ತನೆ ಕಾಯಿ ಒಂದೊಂದು ಒಂದೊಂದು ಎತ್ತರ ಯಾಕೆ ಬಂದವು?"

"ಕೆಲವು ಕಾಯಿ ಜೊಳ್ಳು ಇರ್ತವೆ."

"ಅಂದರೆ ನಿಮಗೆ ಬಿತ್ತನೆ ಕಾಯಿ ಆರಿಸಲು ಬರುವುದಿಲ್ಲ ಎಂದು ಬರೆದುಕೊಳ್ಳಲೇ?"

ಅವನ ಮುಖ ಕೆಂಪಾಯಿತು. "ನಂಗಾ? ಸುತ್ತ ಏಳೂರೋರು ನನ್ನ ಕೇಳಿ ಕಾಯಿ ಆರಿಸ್ತಾರೆ."

"ಹಾಗಾದರೆ ಇವು ಬಿತ್ತನೆ ಕಾಯಿ ಅಲ್ಲ. ತಂಗಿಯ ತೋಟದಲ್ಲಿ ಬಿದ್ದು ಮೊಳೆತ ಕಾಯಿ."

ಹಿರಿಯ ವಕೀಲರು ಎದ್ದು ಆಕ್ಷೇಪಣೆ ಎಂದರು. ಅಷ್ಟರಲ್ಲಿ ಅವನೇ, "ಹೂಂ, ಅವೇ. ಏನೀಗ? ಡಿಕ್ರಿ ನಂದು, ಕಾಯಿ ನಂದು," ಎಂದ.

"ಡಿಕ್ರಿ ಆಷಾಢದಲ್ಲೇ ನಿಮ್ಮದು. ಕಾಯಿ ಎತ್ತಿದ್ದು ಮಾರ್ಗಶಿರದಲ್ಲಿ. ಅಲ್ಲಿಯವರೆಗೆ ಅಷ್ಟೂ ಕಾಯಿ ಮೊಳೆತು ಹಾಳಾಗುವುದನ್ನು ನೋಡಿಕೊಂಡು ಕೂತಿರಿ. ಅಪೀಲುದಾರಳು ಸೋಮಾರಿ ಎಂದು ಬರೆಸಿದ್ದೀರಿ. ಸೋಮಾರಿ ಯಾರು? ಬಿದ್ದ ಕಾಯಿ ಎತ್ತಲಾರದ ನೀವು ಎಂಥ ತೋಟಗಾರರು?"

ಅವನು ಕಟಕಟೆಯ ಮರವನ್ನು ಎರಡೂ ಕೈಯಲ್ಲಿ ಹಿಡಿದು ಮುಂದಕ್ಕೆ ಬಾಗಿದ. "ನಮ್ಮ ತೋಟದಾಗೆ ಬಿದ್ದ ಕಾಯ್ನ ಹೊತ್ತು ಮುಳುಗೋಗಂಟ ಬುಟ್ಟಿದ್ದಿಲ್ಲ ಕಣ್ರೀ! ಯಾರ್ನ ಬೇಕಾರೂ ಕೇಳಿ. ಆಣೆ ಇರೋ ತೋಟದಾಗೆ ಹೆಂಗ್ರೀ ಕೈ ಇಕ್ಕಾದು?"

ಹೇಳಿದ ಮೇಲೆ ಅವನಿಗೆ ತಾನೇನು ಹೇಳಿದೆ ಎಂದು ತಿಳಿಯಿತು. ಹಿರಿಯ ವಕೀಲರು ಕೂತರು. ಬೆಂಚಿನಲ್ಲಿ ಈ ಸಲ ಯಾರೂ ನಗಲಿಲ್ಲ. ನ್ಯಾಯಾಧೀಶರು ಬೆರಳಚ್ಚಿನವನಿಗೆ ಹೇಳದೆ ಆ ಮಾತನ್ನು ತಾವೇ ಪೆನ್ನು ತೆಗೆದು ಅವನಾಡಿದ ಹಾಗೇ ಬರೆದುಕೊಂಡರು. ನನಗೆ ಇನ್ನೂ ಹತ್ತು ಪ್ರಶ್ನೆ ಬಾಕಿ ಇದ್ದವು. ಕೇಳಲಿಲ್ಲ.

ಆಮೇಲೆ ತಂಗಿಯನ್ನು ಕಟಕಟೆಗೆ ಕರೆದರು. ಅಮೀನ ಬಂದು ಹೋದ ಮೇಲೂ ಸಂಕ್ರಾಂತಿಯವರೆಗೆ ಯಾಕೆ ಸುಮ್ಮನಿದ್ದೆ ಎಂದು ನ್ಯಾಯಾಧೀಶರೇ ಕೇಳಿದರು. ನಾನು ಹೆದರಿದ್ದದ್ದು ಆ ದಿನಗಳಿಗೇ. ಆಕೆ ನನಗೆ ಹೇಳಿದ್ದನ್ನೇ ಅವರಿಗೂ ಹೇಳಿದಳು: ಅವನು ಮುರಿದದ್ದು ಅವನದು, ನನ್ನದು ನನ್ನ ಮೇಲಿತ್ತು. ಒಂದು ಅಕ್ಷರ ಹೆಚ್ಚಿಲ್ಲ, ಕಡಿಮೆಯಿಲ್ಲ.

ಆದೇಶ ಮುಂದಿನ ವಾರ ಬಂತು. ಒಡಹುಟ್ಟಿದ ಅಣ್ಣ ದೇವರ ಮುಂದೆ ಕೊಟ್ಟ ಮಾತನ್ನು ನಂಬಿ ಕೂತದ್ದು ನಿರ್ಲಕ್ಷ್ಯವಲ್ಲ. ಆ ನಂಬಿಕೆಯನ್ನೇ ಬಳಸಿ ವಾಯಿದೆ ಮೀರುವಂತೆ ಮಾಡಿದವನು ತಡವಾಯಿತೆಂದು ಹೇಳಲು ಬರುವುದಿಲ್ಲ. ವಿಳಂಬ ಮನ್ನಾ ಆಯಿತು. ಮನ್ನಾ ಮಾಡುವಾಗ ಎದುರು ಕಕ್ಷಿಗೆ ಇಷ್ಟು ಖರ್ಚು ಕೊಡತಕ್ಕದ್ದು ಎಂದು ಬರೆಯುವುದು ರೂಢಿ, ಅದನ್ನೂ ಬರೆಯಲಿಲ್ಲ. ಅಪೀಲು ಮುಗಿಯುವ ತನಕ ತೋಟವನ್ನು ಮಾರಕೂಡದು, ಮರ ಕಡಿಯಕೂಡದು ಎಂದೂ ಆಯಿತು. ಅಪೀಲು ಮುಂದೆ ವರ್ಷಗಟ್ಟಲೆ ನಡೆದು ಆಕೆಯ ಕಡೆಗಾಯಿತು. ಆದರೆ ನನ್ನ ಮನಸ್ಸಿನಲ್ಲಿ ಉಳಿದದ್ದು ಆ ತೀರ್ಪಲ್ಲ, ವಿಳಂಬ ಮನ್ನಾ ಆದ ದಿನ ವರಾಂಡದಲ್ಲಿ ನಡೆದದ್ದು.

"ಗೆದ್ವಾ ಸ್ವಾಮಿ?" ಎಂದು ಕೇಳಿದಳು.

"ಇಲ್ಲಮ್ಮ. ಬಾಗಿಲು ತೆಗೆದಿದ್ದಾರೆ. ಇನ್ನು ಒಳಗೆ ಹೋಗಿ ಕೇಳಬೇಕು." ಅದನ್ನು ಹೇಳುವಾಗ ನನಗೇ ನಾಚಿಕೆಯಾಯಿತು. ಇಷ್ಟೆಲ್ಲ ಪಟ್ಟದ್ದು ಬರೀ ಬಾಗಿಲಿಗೆ.

ಅಷ್ಟರಲ್ಲಿ ಅಣ್ಣ ಹತ್ತಿರ ಬಂದ. ಅವನ ವಕೀಲರು ಮುಂದೆ ಹೋಗಿಬಿಟ್ಟಿದ್ದರು. ಟವೆಲಿನಿಂದ ಮುಖ ಒರೆಸಿಕೊಂಡು ತಂಗಿಯ ಎದುರು ನಿಂತ. ನನಗೆ ಅವನ ಕೊರಳಪಟ್ಟಿ ಹಿಡಿಯಬೇಕು ಎನ್ನುವಷ್ಟು ಕೋಪ.

"ಆದದ್ದಾಯ್ತು ಬಾ ಕಣವ್ವ," ಎಂದ. "ಈ ಕೋರ್ಟು ಕಚೇರಿ ನಮಗೆ ಬೇಡ. ಗುಡೀಲೇ ಕುಂತು ಮಾತಾಡಾಣ. ದೇವ್ರು ನೋಡ್ಕತಾನೆ."

ಆಕೆ ಅವನನ್ನು ಮೇಲಿಂದ ಕೆಳಗೆ ನೋಡಿದಳು. ಕೂಗಲಿಲ್ಲ.

"ಬ್ಯಾಡ ಅಣ್ಣಯ್ಯ. ಇಲ್ಲೇ ಕುಂತ್ಕಳಾಣ. ದೇವ್ರಿಗೆ ಈ ಮೂವತ್ತು ದಿನದ ಲೆಕ್ಕ ಗೊತ್ತಿಲ್ಲ. ನಿಂಗ್ ಗೊತ್ತು."

ಸೆರಗು ಹೊದ್ದು, ಗಂಡನನ್ನು ಕರೆದುಕೊಂಡು ಬಸ್ ಸ್ಟ್ಯಾಂಡಿನ ಕಡೆ ನಡೆದಳು. ಆ ಅಪೀಲು ನಡೆದ ಅಷ್ಟೂ ವರ್ಷ ಆಕೆ ಒಂದು ತಾರೀಖೂ ತಪ್ಪಿಸಲಿಲ್ಲ. ಊರಿನ ಗುಡಿಗೆ ಮಾತ್ರ ಮತ್ತೆ ಹೋಗಲಿಲ್ಲವಂತೆ.